ರಾಕ್ಸ್‌ಬರೋ ಕೋಟೆಯನ್ನು ಸ್ಕಾಟರೇ ಕೆಡವಿದ್ದು ಸರಿಯೇ?

ತುಂಗಾತೀರ: ಇಂಗ್ಲೆಂಡ್ ಗಡಿಗೆ ಹತ್ತಿರ, ಸ್ಕಾಟ್ಲೆಂಡಿನ ಟ್ವೀಡ್ ಮತ್ತು ಟೆವಿಯಟ್ ನದಿಗಳ ನಡುವಿನ ಏರುದಿಬ್ಬದ ಮೇಲೆ, ಕೆಲ್ಸೋ ಪಟ್ಟಣದ ಸಮೀಪದಲ್ಲಿದ್ದ ರಾಕ್ಸ್‌ಬರೋ ಕೋಟೆಯಲ್ಲಿ ಇಂದು ಉಳಿದಿರುವುದು ಹುಲ್ಲು, ಮರಗಳು ಮತ್ತು ಗೋಡೆಯ ಕೆಲವು ತುಣುಕುಗಳು ಮಾತ್ರ. 12ನೆಯ ಶತಮಾನದಲ್ಲಿ ಸ್ಕಾಟ್ ದೊರೆ ಮೊದಲನೆಯ ಡೇವಿಡ್ ಅಕ್ಕರೆಯಿಂದ ಬೆಳೆಸಿದ, 1241ರಲ್ಲಿ ಮುಂದೆ ದೊರೆಯಾದ ಮೂರನೆಯ ಅಲೆಕ್ಸಾಂಡರ್ ಹುಟ್ಟಿದ ಈ ನೆಲೆಯನ್ನು 1460ರಲ್ಲಿ ಇಂಗ್ಲಿಷರಿಂದ ಗೆದ್ದ ಸ್ಕಾಟರೇ ನೆಲಸಮ ಮಾಡಿದರು. ಗೆದ್ದುಕೊಂಡದ್ದನ್ನು ಕಾಯ್ದುಕೊಳ್ಳಬಹುದಿತ್ತು ಎಂಬುದು ನನ್ನ ಅಭಿಪ್ರಾಯ.

ಕಲ್ಲುಕೋಟೆ: ನಾನು ಒಪ್ಪುವುದಿಲ್ಲ. 1174ರಲ್ಲಿ ಸ್ಕಾಟ್ ದೊರೆ ಸಿಂಹ ವಿಲಿಯಂ ಇಂಗ್ಲಿಷರಿಗೆ ಸೆರೆಸಿಕ್ಕಾಗ ಫಲೇಸ್ ಒಪ್ಪಂದದ ಮೂಲಕ ಈ ಕೋಟೆ ಇಂಗ್ಲೆಂಡಿನ ಪಾಲಾಯಿತು. ಮರಳಿ ಬಂದದ್ದು 1189ರಲ್ಲಿ. 1314ರಲ್ಲಿ ಸ್ಕಾಟ್ ದಳಪತಿ ಜೇಮ್ಸ್ ಡಗ್ಲಸ್ ಅದನ್ನು ಇಂಗ್ಲಿಷರಿಂದ ಗೆದ್ದಾಗ ಸ್ಕಾಟ್ ದೊರೆ ರಾಬರ್ಟ್ ಬ್ರೂಸ್ ಕೆಡವಿಸಿದ; ಆದರೆ ಇಂಗ್ಲಿಷರು ಮತ್ತೆ ಕಟ್ಟಿಕೊಂಡು, 1346ರ ನಂತರ ನೂರಕ್ಕೂ ಹೆಚ್ಚು ವರ್ಷ ಅಲ್ಲಿಯೇ ತಳವೂರಿದರು. ಗಡಿಗೆ ಇಷ್ಟು ಹತ್ತಿರದ ಕೋಟೆಯನ್ನು ಉಳಿಸಿಕೊಳ್ಳಲು ಸದಾ ಕಾವಲುಪಡೆ ಬೇಕು, ಹಣ ಬೇಕು. ಉಳಿಸಿದ ಕೋಟೆ ಮುಂದೆ ಶತ್ರುವಿನ ಕೈಗೇ ಸೇರುವುದಾದರೆ, ಅದನ್ನು ಕೆಡವುವುದೇ ವಿವೇಕ.

ಓದುಗಿತ್ತಿ: ಇಬ್ಬರೂ ಜನರ ನೆನಪನ್ನು ಮರೆತಿದ್ದೀರಿ. ಬ್ರೂಸನ ತಂಗಿ ಮೇರಿಯನ್ನು ಇಂಗ್ಲೆಂಡಿನ ದೊರೆ ಒಂದನೆಯ ಎಡ್ವರ್ಡ್ 1306ರಲ್ಲಿ ಇದೇ ಕೋಟೆಯಲ್ಲಿ ಪಂಜರಕ್ಕೆ ಹಾಕಿಸಿದ; ಆಕೆ ಸುಮಾರು ನಾಲ್ಕು ವರ್ಷ ಅಲ್ಲಿದ್ದಳು. ಇನ್ನು 1460ರ ಆಗಸ್ಟ್ 3ರಂದು, ಮುತ್ತಿಗೆಯ ವೇಳೆ, ಸ್ಕಾಟ್ ದೊರೆ ಎರಡನೆಯ ಜೇಮ್ಸ್ ತನ್ನದೇ ಫಿರಂಗಿಯೊಂದು ಸಿಡಿದು ಸತ್ತ. ಆತನಿಗೆ ಆಗಿನ್ನೂ 29 ವರ್ಷ. ವಿಧವೆಯಾದ ರಾಣಿ ಗೆಲ್ಡರ್ಸ್‌ನ ಮೇರಿ ಮುತ್ತಿಗೆಯನ್ನು ಕೈಬಿಡದೆ ಮುಂದುವರಿಸಿದಳು. ಕೋಟೆ ಬಿತ್ತು, ಬಾಲಕನಾಗಿದ್ದ ಅವಳ ಮಗ ಮೂರನೆಯ ಜೇಮ್ಸ್‌ಗೆ ಕೆಲ್ಸೋ ಮಠದಲ್ಲಿ ಪಟ್ಟಾಭಿಷೇಕವಾಯಿತು. ಗಂಡನನ್ನು ಬಲಿ ತೆಗೆದುಕೊಂಡ ಗೋಡೆಗಳನ್ನು ಉಳಿಸಿ ಎಂದು ಆ ಹೆಣ್ಣುಮಗಳ ಮುಂದೆ ಹೇಳಲು ಯಾರಿಗೆ ಬಾಯಿ ಬರುತ್ತಿತ್ತು?

ತುಂಗಾತೀರ: ನೀವು ಹೇಳುವ ನೋವು ನಿಜ. ಆದರೂ ಕಲ್ಲುಕೋಟೆಯವರ ವಾದದಲ್ಲಿ ಒಂದು ಬಿರುಕಿದೆ: 1547ರ ನಂತರ ಇಂಗ್ಲಿಷರು ಅದೇ ಹಾಳುಬಿದ್ದ ಜಾಗದಲ್ಲಿ ಹೊಸ ಠಾಣ್ಯ ಕಟ್ಟಿದರು. ಕೆಡವಿದ ಮಾತ್ರಕ್ಕೆ ಅವರು ಬರುವುದು ನಿಲ್ಲಲಿಲ್ಲ.

ಕಲ್ಲುಕೋಟೆ: ಅದನ್ನು ಒಪ್ಪುತ್ತೇನೆ. ಆದರೆ ಅದು ಕೆಲವೇ ವರ್ಷ ನಿಂತಿತು, ಶಾಂತಿ ಒಪ್ಪಂದವಾದ ಮೇಲೆ ಅದನ್ನೂ ಕೆಡವಲಾಯಿತು. 1460ಕ್ಕೆ ಮುಂಚಿನ ನೂರಕ್ಕೂ ಹೆಚ್ಚು ವರ್ಷಗಳ ಹಿಡಿತಕ್ಕೂ ಇದಕ್ಕೂ ಹೋಲಿಕೆಯಿಲ್ಲ.

ಉಣ್ಣೆಪೇಟೆ: ನನಗೆ ಕೋಟೆಗಿಂತ ಅದರ ಪಕ್ಕದ ಊರಿನ ಅಳಿವೇ ಹೆಚ್ಚು ಕಾಡುತ್ತದೆ. ಎಡಿನ್‌ಬರೋ, ಸ್ಟರ್ಲಿಂಗ್, ಬೆರಿಕ್‌ಗಳ ಸಾಲಿನಲ್ಲಿ ನಿಂತಿದ್ದ, ತನ್ನದೇ ಟಂಕಸಾಲೆ ಹೊಂದಿದ್ದ ಆ ಪೇಟೆಯ ಉಣ್ಣೆ ಬೆರಿಕ್ ಬಂದರಿನ ಮೂಲಕ ಹೊರನಾಡಿಗೆ ಹೋಗುತ್ತಿತ್ತು. ಯುದ್ಧಗಳಲ್ಲಿ ಬೆರಿಕ್ ಇಂಗ್ಲಿಷರ ವಶವಾದಾಗ ಒಳನಾಡಿನ ಸ್ಕಾಟ್ ವರ್ತಕರಿಗೆ ಆ ದಾರಿ ತಪ್ಪಿತು. ಆದ್ದರಿಂದ ಊರು ಸತ್ತದ್ದು 1460ರ ಹಾರೆಗುದ್ದಲಿಗಳಿಂದಲ್ಲ. ಅದು ಅದಕ್ಕೂ ಮೊದಲೇ ಸೊರಗಿತ್ತು. ಈಗ ರಾಕ್ಸ್‌ಬರೋ ಎಂಬ ಹೆಸರಿನ ಹಳ್ಳಿಯೊಂದು ಕೆಲವು ಕಿಲೋಮೀಟರ್ ದೂರದಲ್ಲಿದೆ. ಹಳೆಯ ಪೇಟೆಯ ಬೀದಿಗಳು ಮಾತ್ರ ನದಿಯಂಚಿನ ಬಯಲಿನಡಿ ಹುದುಗಿವೆ.