ಅಪ್‌ಡೇಟ್: ನಡುರಾತ್ರಿ ಎದ್ದು ನಿಲ್ಲುತ್ತಿದ್ದ ಮಗಳು ಈಗ ಮಲಗುತ್ತಿದ್ದಾಳೆ

ಚೆನ್ನಾಗಿ ನಿದ್ರಿಸುತ್ತಿದ್ದ ಒಂಬತ್ತು ತಿಂಗಳ ಮಗಳು ಇದ್ದಕ್ಕಿದ್ದಂತೆ ನಡುರಾತ್ರಿ ಎದ್ದು, ತೊಟ್ಟಿಲ ಸರಳು ಹಿಡಿದು ನಿಂತು ಅಳುತ್ತಾಳೆಂದು ಶಿರಸಿಯಿಂದ ಕೇಳಿದ್ದೆ.

ಹಲ್ಲು ಬರುತ್ತಿರಬಹುದೆಂಬ ಊಹೆ ನಿಜವಾಗಲಿಲ್ಲ. ಮಲಗುವ ಮುನ್ನ ಹೊಟ್ಟೆ ತುಂಬ ರಾಗಿ ಮಣ್ಣಿ ತಿನ್ನಿಸಿದರೆ, ಅದನ್ನು ಸಂತೋಷದಿಂದಲೇ ತಿಂದು ಮತ್ತೆ ಅದೇ ಹೊತ್ತಿಗೆ ಎದ್ದಳು.

ಫಲ ಕೊಟ್ಟದ್ದು ಕಾರವಾರದ ತಾಯಿಯೊಬ್ಬರ ಸಲಹೆ. ಮಗುವಿಗೆ ಎದ್ದು ನಿಲ್ಲುವುದು ಬಂದಿದೆಯೇ ಹೊರತು ಮರಳಿ ಕುಳಿತುಕೊಳ್ಳುವುದು ಬಂದಿಲ್ಲ, ಅದನ್ನು ಹಗಲಿನಲ್ಲೇ ಕಲಿಸಿ ಎಂದು ಅವರು ಬರೆದಿದ್ದರು. ಅದರಂತೆ ಜಗಲಿಯ ಕಟ್ಟೆ ಹಿಡಿಸಿ ನಿಲ್ಲಿಸಿ, ಕಾಲ ಬಳಿ ಆಟಿಕೆಯಿಟ್ಟು, ಮೊಣಕಾಲು ಮಡಚಿ ಕೂರುವುದನ್ನು ದಿನವೂ ಆಟದಂತೆ ಮಾಡಿಸಿದೆವು; ಅದು ರೂಢಿಯಾದಂತೆ ರಾತ್ರಿಯ ಅಳುವೂ ಇಳಿಯಿತು. (ಅದೇ ವಾರ ಅವಳ ಅಜ್ಜಿ ದೃಷ್ಟಿಯನ್ನೂ ತೆಗೆದಿದ್ದರಿಂದ, ಯಶಸ್ಸು ಯಾರದೆಂಬ ಚರ್ಚೆ ಮನೆಯಲ್ಲಿ ಮುಗಿದಿಲ್ಲ.)

ಅಚ್ಚರಿಯ ಸಂಗತಿಯನ್ನು ತಿಳಿಸಿದವರು ದಡಾರ–ರುಬೆಲ್ಲಾ ಲಸಿಕೆಗೆ ಹೋದಾಗ ಸಿಕ್ಕ ವೈದ್ಯರು: ಕಣ್ಣಿಗೆ ಕಾಣದ ತಾಯಿಯೂ ಎಲ್ಲೋ ಇದ್ದಾಳೆಂಬುದು ಈ ವಯಸ್ಸಿನಲ್ಲಿ ಮಗುವಿಗೆ ಅರಿವಾಗುವುದರಿಂದಲೇ ಅಗಲಿಕೆಯ ಅಳು ಹೆಚ್ಚುತ್ತದೆಯಂತೆ. ನಾಲ್ಕರಿಂದ ಹನ್ನೊಂದು ತಿಂಗಳ ಮಕ್ಕಳಿಗೆ ಹಗಲೂ ಸೇರಿ 12–16 ಗಂಟೆ ನಿದ್ರೆ ಬೇಕೆಂದೂ ಹೇಳಿದ್ದರಿಂದ, ಅವಳ ಮಧ್ಯಾಹ್ನದ ನಿದ್ರೆಯನ್ನು ತಪ್ಪಿಸುತ್ತಿಲ್ಲ. ಈಗಲೂ ಕೆಲವು ರಾತ್ರಿ ಏಳುತ್ತಾಳೆ, ಆದರೆ ತಾನೇ ಕುಳಿತು ಮಲಗಿಕೊಳ್ಳುತ್ತಾಳೆ.