ಆದಾಯದ ಕಲಂನಲ್ಲಿ ಏನು ಬರೆಯಬೇಕು?

ಗುಂಪು: ನಮ್ಮ ಮನೆಮಂದಿ
ಡಿಸೆಂಬರ್ 7, 2025, ಭಾನುವಾರ

ಭಾವ, 9:12
ಹಂಚಿದ ಚಿತ್ರ: ಅಮೆರಿಕದ ಆರೋಗ್ಯ ವಿಮಾ ಸಬ್ಸಿಡಿ ಕ್ಯಾಲ್ಕುಲೇಟರ್, 2026. ರಾಜ್ಯ: ಟೆಕ್ಸಸ್. ಕುಟುಂಬ: 3 ಮಂದಿ. ವಿಮೆ ಬೇಕಾದವರು: 2. ವಾರ್ಷಿಕ ಆದಾಯ: 66,000 ಡಾಲರ್. ಅಂದಾಜು ನೆರವು: ತಿಂಗಳಿಗೆ 1,942 ಡಾಲರ್.
ನಿನ್ನೆ ರಾತ್ರಿ ಕುಳಿತು ನಿಮ್ಮ ಲೆಕ್ಕ ಹಾಕಿದೆ. ನಿಮ್ಮಿಬ್ಬರ ಪ್ರೀಮಿಯಂ ತಿಂಗಳಿಗೆ 2,400. ಅದರಲ್ಲಿ 1,942 ಸರ್ಕಾರವೇ ಕಟ್ಟುತ್ತದೆ. ನಿಮ್ಮ ಕೈಯಿಂದ ಹೋಗುವುದು 458 ಮಾತ್ರ. 15ರೊಳಗೆ ಅರ್ಜಿ ಹಾಕಿದರೆ ಜನವರಿ 1ರಿಂದಲೇ ವಿಮೆ ಜಾರಿಗೆ ಬರುತ್ತದೆ. ತಡ ಮಾಡಬೇಡಿ.

ಅತ್ತಿಗೆ, 9:20
ದೇವರು ದೊಡ್ಡವನು. ಇವರ ಕಂಪನಿಯ ವಿಮೆ 31ಕ್ಕೆ ಮುಗಿಯುತ್ತದೆ ಎಂದು ಎರಡು ತಿಂಗಳಿಂದ ನನಗೆ ನಿದ್ದೆಯಿಲ್ಲ. ಕೆಲಸ ಬಿಟ್ಟ ಮೇಲೂ ಕಂಪನಿಯ ವಿಮೆ ಉಳಿಸಿಕೊಳ್ಳಲು ಬಿಡುವ ಕೋಬ್ರಾ ಕಾನೂನಿನ ಅಡಿಯಲ್ಲಿ ಅದನ್ನೇ ಮುಂದುವರಿಸೋಣ ಎಂದರೆ ಕಂಪನಿ ಕಟ್ಟುತ್ತಿದ್ದ ಪಾಲನ್ನೂ ನಾವೇ ಹೊರಬೇಕು. 458 ಆದರೆ ಹೇಗಾದರೂ ಹೊಂದಿಸಬಹುದು.

ಅಣ್ಣ, 9:24
ಮಧ್ಯಾಹ್ನ ಊಟ ಮುಗಿಸಿ ಅರ್ಜಿ ತುಂಬುತ್ತೇನೆ.

ನಾನು, 9:31
ಅಣ್ಣ, ದಯವಿಟ್ಟು ಇವತ್ತೇ ಅರ್ಜಿ ಸಲ್ಲಿಸಬೇಡ. ಭಾವ ಪ್ರೀತಿಯಿಂದಲೇ ಮಾಡಿದ್ದಾರೆ, ಆದರೆ ಆ ಚಿತ್ರದಲ್ಲಿ ತಪ್ಪಿರುವುದು ಸಬ್ಸಿಡಿಯ ಅಂಕಿ ಅಲ್ಲ, ಅದರ ಮೇಲಿನ ಎರಡು ಅಂಕಿಗಳು. ಕುಟುಂಬ 3 ಎಂದಿದೆ, ಆದಾಯ 66,000 ಎಂದಿದೆ. ಎರಡೂ ಸರಿಯಲ್ಲ.

ಭಾವ, 9:35
ಮೂರು ಹೇಗೆ ತಪ್ಪಾಗುತ್ತದೆ? ಅವರಿಬ್ಬರು, ಮಗಳು. ಮನೆಯಲ್ಲಿ ಇರುವವರೇ ಮೂವರು.

ಅತ್ತಿಗೆ, 9:37
ಹೌದಲ್ಲ, ಅವಳು ನಮ್ಮ ಜೊತೆಯಲ್ಲೇ ಇದ್ದಾಳೆ. ದಿನವೂ ನಾನೇ ಡಬ್ಬಿ ಕಟ್ಟಿಕೊಡುತ್ತೇನೆ.

ನಾನು, 9:44
ಅತ್ತಿಗೆ, ನಮ್ಮ ಲೆಕ್ಕದಲ್ಲಿ ಒಂದೇ ಒಲೆಯಲ್ಲಿ ಉಣ್ಣುವವರೆಲ್ಲ ಒಂದು ಮನೆ. ಸಬ್ಸಿಡಿಯ ವಿಮೆ ಕೊಡಿಸುವ ಇಲ್ಲಿನ ಸರ್ಕಾರಿ ಮಾರ್ಕೆಟ್‌ಪ್ಲೇಸ್ ಲೆಕ್ಕದಲ್ಲಿ ಒಂದೇ ತೆರಿಗೆ ರಿಟರ್ನ್‌ನಲ್ಲಿ ಬರುವವರು ಮಾತ್ರ ಒಂದು ಮನೆ. ಅವಳು 26 ವರ್ಷದವಳು, ಕೆಲಸದಲ್ಲಿದ್ದಾಳೆ, ತನ್ನ ರಿಟರ್ನ್ ತಾನೇ ಸಲ್ಲಿಸುತ್ತಾಳೆ. ನೀವು ಅವಳನ್ನು ಅವಲಂಬಿತಳೆಂದು ತೋರಿಸುವುದಿಲ್ಲ. ಹಾಗಾಗಿ ನಿಮ್ಮ ಕುಟುಂಬ ಇಬ್ಬರದ್ದು.
ಒಬ್ಬರು ಕಡಿಮೆಯಾದರೆ ಏನಾಗುತ್ತದೆ ಎಂದರೆ ಗೆರೆಯೇ ಕೆಳಕ್ಕೆ ಇಳಿಯುತ್ತದೆ. 2026ರ ಸಬ್ಸಿಡಿಗೆ 2025ರ ಬಡತನ ರೇಖೆಯನ್ನು ಹಿಡಿಯುತ್ತಾರೆ. ಅದು ಮೂವರಿಗೆ 26,650 ಡಾಲರ್, ಇಬ್ಬರಿಗೆ 21,150. ಅದರ ನಾಲ್ಕು ಪಟ್ಟು ದಾಟಿದರೆ ಸಬ್ಸಿಡಿ ಸೊನ್ನೆ. ಮೂವರಿದ್ದರೆ ಆ ಗೆರೆ 1,06,600. ನಿಮ್ಮಿಬ್ಬರಿಗೆ 84,600.

ಚಿಕ್ಕಪ್ಪ, 9:52
ಮಗಳೇ, ನೀನು ಹಳೆಯ ಕಥೆ ಹೇಳುತ್ತಿದ್ದೀಯೆ. ಆ ನಾಲ್ಕು ಪಟ್ಟಿನ ಮಿತಿಯನ್ನು ಎಂದೋ ತೆಗೆದಿದ್ದಾರೆ. ಇಲ್ಲಿ ಕ್ಯಾಲಿಫೋರ್ನಿಯಾದಲ್ಲಿ ನಮ್ಮ ಪಕ್ಕದ ಮನೆಯ ದಂಪತಿಗೆ 1,20,000 ಆದಾಯ. ಈ ವರ್ಷ ಪೂರ್ತಿ ಸಬ್ಸಿಡಿ ಪಡೆದಿದ್ದಾರೆ. ಆದಾಯದ 8.5 ಶೇಕಡಾಕ್ಕಿಂತ ಹೆಚ್ಚು ಯಾರೂ ಕಟ್ಟಬೇಕಿಲ್ಲ ಎಂಬುದೇ ಕಾನೂನು.

ನಾನು, 10:03
ಚಿಕ್ಕಪ್ಪ, ಅವರು ಪಡೆದದ್ದು ನಿಜ, ಈ ವರ್ಷದ ಮಟ್ಟಿಗೆ ನಿಮ್ಮ ಮಾತೂ ನಿಜ. 2010ರ ಮೂಲ ಕಾನೂನಿನಲ್ಲಿ ನಾಲ್ಕು ಪಟ್ಟಿನ ಮಿತಿ ಇತ್ತು. ಕೋವಿಡ್ ಕಾಲದಲ್ಲಿ, 2021ರಲ್ಲಿ, ಅದನ್ನು ತಾತ್ಕಾಲಿಕವಾಗಿ ಎತ್ತಿದರು. 2022ರಲ್ಲಿ ಇನ್ನೊಂದು ಕಾನೂನು ಮಾಡಿ 2025ರ ಕೊನೆಯವರೆಗೆ ವಿಸ್ತರಿಸಿದರು. 8.5 ಶೇಕಡಾ ಎಂಬುದು ಆ ಐದು ವರ್ಷಗಳ ಮಾತು. ಜನವರಿ 1ರಿಂದ ಹಳೆಯ ಮಿತಿಯೇ ಮರಳಿ ಬರುತ್ತದೆ. ಗೆರೆಯ ಒಳಗಿದ್ದವರು ಕೂಡ ತಮ್ಮ ಪಾಲಾಗಿ ಆದಾಯದ 9.96 ಶೇಕಡಾವರೆಗೆ ಕಟ್ಟಬೇಕು.

ಚಿಕ್ಕಪ್ಪ, 10:07
ಅದನ್ನು ವಿಸ್ತರಿಸುತ್ತಾರೆ, ನೋಡುತ್ತಿರು. ಎರಡು ಕೋಟಿ ಜನರ ಪ್ರಶ್ನೆ ಇದು.

ನಾನು, 10:11
ವಿಸ್ತರಿಸಲಿ ಎಂದು ನಾನೂ ಬಯಸುತ್ತೇನೆ. ಇದೇ ವಿಷಯಕ್ಕೆ ಅಕ್ಟೋಬರ್ 1ರಿಂದ 43 ದಿನ ಸರ್ಕಾರವೇ ಬಾಗಿಲು ಹಾಕಿಕೊಂಡಿತ್ತು. ಬಾಗಿಲು ತೆರೆಯಿತು, ವಿಸ್ತರಣೆ ಸಿಗಲಿಲ್ಲ. ಅಣ್ಣ ಅರ್ಜಿ ತುಂಬಬೇಕಾದದ್ದು ಇವತ್ತಿರುವ ಕಾನೂನಿನ ಪ್ರಕಾರ. ಮುಂದೆ ಬದಲಾದರೆ ಲಾಭ ಅವನಿಗೇ.

ಅಣ್ಣ, 10:15
ಆದಾಯ ಹೇಗೆ ತಪ್ಪು? ನಿವೃತ್ತಿ ಖಾತೆಯಿಂದ 40,000 ತೆಗೆಯುತ್ತೇನೆ. ಇವಳ ಗ್ರಂಥಾಲಯದ ಸಂಬಳ 26,000. 66,000 ಆಯಿತಲ್ಲ.

ನಾನು, 10:18
ಭಾರತದ ಬ್ಯಾಂಕಿನಲ್ಲಿಟ್ಟ ಎನ್‌ಆರ್‌ಇ (ಅನಿವಾಸಿ ಭಾರತೀಯರ) ಠೇವಣಿಯ ಬಡ್ಡಿ ಎಲ್ಲಿ?

ಭಾವ, 10:19
ಎನ್‌ಆರ್‌ಇ ಬಡ್ಡಿಗೆ ತೆರಿಗೆಯೇ ಇಲ್ಲ. ಬ್ಯಾಂಕಿನವರು ದೊಡ್ಡ ಅಕ್ಷರದಲ್ಲಿ ಬರೆದಿರುತ್ತಾರೆ. ತೆರಿಗೆಮುಕ್ತ ಹಣವನ್ನು ಆದಾಯಕ್ಕೆ ಏಕೆ ಸೇರಿಸಬೇಕು? ನೀನು ಸುಮ್ಮನೆ ಅವರನ್ನು ಹೆದರಿಸುತ್ತಿದ್ದೀಯೆ.

ನಾನು, 10:29
ಭಾವ, ಇದೊಂದು ಮಾತನ್ನು ಇಲ್ಲಿಗೇ ಇತ್ಯರ್ಥ ಮಾಡೋಣ, ಏಕೆಂದರೆ ನಮ್ಮವರು ಎಡವುವುದು ಇಲ್ಲಿಯೇ. ಎನ್‌ಆರ್‌ಇ ಬಡ್ಡಿ ತೆರಿಗೆಮುಕ್ತವಾಗಿರುವುದು ಭಾರತದಲ್ಲಿ. ಅಣ್ಣ ಅಮೆರಿಕದ ಪೌರ. ಪ್ರಪಂಚದ ಯಾವ ಮೂಲೆಯಿಂದ ಆದಾಯ ಬಂದರೂ ಇಲ್ಲಿನ ರಿಟರ್ನ್‌ನಲ್ಲಿ ತೋರಿಸಬೇಕು. ಮೈಸೂರಿನ ಮನೆಯ ಬಾಡಿಗೆಯೂ ಹಾಗೆಯೇ. ಅಲ್ಲಿ ಕಟ್ಟಿದ ತೆರಿಗೆಗೆ ಇಲ್ಲಿ ರಿಯಾಯಿತಿ ಸಿಗುತ್ತದೆ ನಿಜ, ಆದರೆ ಆ ರಿಯಾಯಿತಿ ಇಲ್ಲಿನ ತೆರಿಗೆಯನ್ನು ಇಳಿಸುತ್ತದೆಯೇ ಹೊರತು ಆದಾಯವನ್ನಲ್ಲ. ಸಬ್ಸಿಡಿ ನೋಡುವುದು ಆದಾಯವನ್ನು.
ಅಣ್ಣ, ಇದನ್ನು ನನ್ನ ಮಾತೆಂದು ನಂಬಬೇಡ. ನಿನ್ನ ಕಳೆದ ವರ್ಷದ ರಿಟರ್ನ್ ತೆಗೆದು ಶೆಡ್ಯೂಲ್ ಬಿ ನೋಡು, ಬಡ್ಡಿಯ ಪಟ್ಟಿ ಅದರಲ್ಲಿದೆ.

ಅಣ್ಣ, 10:46
ನೋಡಿದೆ. ಲೆಕ್ಕಪರಿಶೋಧಕರು ಸೇರಿಸಿದ್ದಾರೆ. ಪ್ರತಿ ವರ್ಷವೂ ಸೇರಿಸಿದ್ದಾರೆ. ಸಂಬಳವಿದ್ದಾಗ ಇದು ಕಣ್ಣಿಗೇ ಬೀಳುತ್ತಿರಲಿಲ್ಲ. ಬಡ್ಡಿ ಸುಮಾರು 6,500 ಡಾಲರ್. ಮೈಸೂರಿನ ಬಾಡಿಗೆ ಖರ್ಚು ಕಳೆದು 5,200. ಇಲ್ಲಿನ ಮ್ಯೂಚುವಲ್ ಫಂಡ್‌ಗಳಿಂದ 4,300.

ನಾನು, 10:49
ಕೂಡಿದರೆ 82,000. ಗೆರೆಗೆ ಇನ್ನು 2,600 ಡಾಲರ್ ದೂರ, ಅಷ್ಟೇ. ರೂಪಾಯಿಯ ದರ ಸ್ವಲ್ಪ ಆಚೀಚೆಯಾದರೆ, ಡಿಸೆಂಬರ್‌ನಲ್ಲಿ ಫಂಡ್‌ನವರು ಎಣಿಸಿದ್ದಕ್ಕಿಂತ ಹೆಚ್ಚು ಲಾಭ ಹಂಚಿದರೆ ಅದೂ ಕರಗುತ್ತದೆ.

ಅತ್ತಿಗೆ, 10:53
ಅಯ್ಯೋ, ಮೇ ತಿಂಗಳಲ್ಲಿ ಮದುವೆ ಇದೆಯಲ್ಲ. ಅದಕ್ಕೆ ಏಪ್ರಿಲ್‌ನಲ್ಲಿ ಷೇರು ಮಾರೋಣ ಎಂದು ಇವರು ಹೇಳಿದ್ದರು. ಅದೂ ಸೇರುತ್ತದೆಯೇ?

ನಾನು, 10:55
ಮಾರಿದ ಪೂರ್ತಿ ಹಣವಲ್ಲ, ಲಾಭ ಮಾತ್ರ. ಲಾಭ ಎಷ್ಟು ಅಣ್ಣ?

ಅಣ್ಣ, 11:02
ಸುಮಾರು 9,000.

ನಾನು, 11:05
91,000. ಸಬ್ಸಿಡಿ ಸೊನ್ನೆ.

ಅತ್ತಿಗೆ, 11:06
458 ಎಂದು ಬೆಳಿಗ್ಗೆ ಕೇಳಿದ್ದೆ. ಈಗ 2,400 ಎನ್ನುತ್ತಿದ್ದೀರಿ. ಗ್ರಂಥಾಲಯದವರು ನನಗೆ ಕೊಡುವ ಸಂಬಳಕ್ಕಿಂತ ಪ್ರೀಮಿಯಂ ಹೆಚ್ಚಾಯಿತು.

ಭಾವ, 11:14
ಇಷ್ಟೆಲ್ಲ ಏಕೆ? ಅದರ ಹೆಸರೇ ಅಂದಾಜು. ಮುಂದಿನ ವರ್ಷದ ಆದಾಯ ಯಾರಿಗೆ ಗೊತ್ತಿರುತ್ತದೆ? 66,000 ಎಂದು ಬರೆಯಲಿ, ವಿಮೆ ಸಿಗಲಿ. ಹೆಚ್ಚು ಬಂದರೆ ವರ್ಷದ ಕೊನೆಗೆ ಒಂದಿಷ್ಟು ಹಿಂತಿರುಗಿಸಿದರಾಯಿತು. ನೀವೇ ಹಾಗೆ ಮಾಡಿದ್ದಿರಲ್ಲ, 2023ರಲ್ಲಿ?

ನಾನು, 11:31
ಮಾಡಿದ್ದೆವು ಭಾವ, ಅದಕ್ಕೇ ಇಷ್ಟು ಹೇಳುತ್ತಿದ್ದೇನೆ. ಆ ವರ್ಷ ಇವರಿಗೆ ಕೆಲಸವಿರಲಿಲ್ಲ. ಮೂವರ ಕುಟುಂಬಕ್ಕೆ 45,000 ಎಂದು ಬರೆದೆವು. ಜೂನ್‌ನಲ್ಲಿ ಕೆಲಸ ಸಿಕ್ಕಿ ಆದಾಯ 80,000 ತಲುಪಿತು. ಮಾರ್ಕೆಟ್‌ಪ್ಲೇಸ್‌ಗೆ ತಿಳಿಸಲು ಮರೆತೆವು. ಮರುವರ್ಷ ಮಾರ್ಕೆಟ್‌ಪ್ಲೇಸ್ ಕಳುಹಿಸಿದ ಸಬ್ಸಿಡಿ ವಿವರದ ಪತ್ರ 1095-ಎ ಮುಂದಿಟ್ಟುಕೊಂಡು, ಸಬ್ಸಿಡಿಯ ಲೆಕ್ಕ ಸರಿಹೊಂದಿಸುವ ತೆರಿಗೆ ಫಾರ್ಮ್ 8962 ತುಂಬುತ್ತಾ ಹೋದೆ. ರಾತ್ರಿ ಹನ್ನೊಂದು ಗಂಟೆ. ಹೆಚ್ಚಾಗಿ ಪಡೆದ ಹಣ ಸುಮಾರು 5,000 ಡಾಲರ್ ಎಂದು ಬಂತು. ಮೂರು ಬಾರಿ ಕೂಡಿ ಕಳೆದೆ, ಅದೇ ಬಂತು. ಆಮೇಲೆ ಕೆಳಗಿನ ಸಾಲಿನಲ್ಲಿ ಮರುಪಾವತಿಯ ಮಿತಿ ಕಂಡಿತು. ನಮ್ಮ ಆದಾಯದ ಹಂತಕ್ಕೆ 3,000. ಅಷ್ಟಕ್ಕೇ ಉಳಿದುಕೊಂಡೆವು.
ಆ ಮಿತಿ ಇನ್ನಿಲ್ಲ. ಈ ಜುಲೈ 4ರಂದು ಸಹಿಯಾದ ಕಾನೂನು ಅದನ್ನು 2026ರಿಂದ ತೆಗೆದುಹಾಕಿದೆ. ಹೆಚ್ಚು ಪಡೆದದ್ದನ್ನೆಲ್ಲ ಹಿಂತಿರುಗಿಸಬೇಕು, ಒಂದು ಡಾಲರ್ ಬಿಡದೆ. ಈಗ ನಿಮ್ಮ ಚಿತ್ರವನ್ನೇ ತೆಗೆದುಕೊಳ್ಳಿ. ತಿಂಗಳಿಗೆ 1,942ರಂತೆ ಹನ್ನೆರಡು ತಿಂಗಳು. 23,304 ಡಾಲರ್. 2027ರ ಏಪ್ರಿಲ್‌ನಲ್ಲಿ, ಮಗಳ ಮದುವೆ ಮುಗಿಸಿದ ಮರುವರ್ಷ, ಅಣ್ಣ ಅದನ್ನು ಒಂದೇ ಸಲಕ್ಕೆ ಎಲ್ಲಿಂದ ತರುತ್ತಾನೆ?
ಇನ್ನೊಂದು ಮಾತು. ಅಂದಾಜು ಎಂದರೆ ಗೊತ್ತಿಲ್ಲದ್ದನ್ನು ಗೊತ್ತಿರುವುದರಿಂದ ಊಹಿಸುವುದು. ಗೊತ್ತಿರುವುದನ್ನು ಬಿಟ್ಟು ಬರೆಯುವುದಕ್ಕೆ ಅಂದಾಜು ಎನ್ನುವುದಿಲ್ಲ. ಆ ಅರ್ಜಿಯ ಕೊನೆಯಲ್ಲಿ ಸುಳ್ಳು ಹೇಳಿದರೆ ಶಿಕ್ಷೆಗೆ ಗುರಿಯಾಗುತ್ತೇನೆ ಎಂದು ಒಪ್ಪಿ ಸಹಿ ಮಾಡಬೇಕು. ಸಹಿ ಅಣ್ಣನದು.

ಅಕ್ಕ, 11:36
ಇವರು ಕೇಡು ಬಯಸಿ ಹೇಳಲಿಲ್ಲ. ಆದರೆ ತಂಗಿ ಹೇಳುವುದು ಸರಿ. ಈಗ ದಾರಿ ಏನು, ಅದನ್ನು ಹೇಳು.

ಚಿಕ್ಕಪ್ಪ, 11:40
ಸಬ್ಸಿಡಿಯನ್ನು ತಿಂಗಳು ತಿಂಗಳು ಮುಂಗಡವಾಗಿ ಪಡೆಯಲೇಬೇಕೆಂದಿಲ್ಲವಲ್ಲ. ಪೂರ್ತಿ ಪ್ರೀಮಿಯಂ ಕಟ್ಟಲಿ, ರಿಟರ್ನ್ ಸಲ್ಲಿಸುವಾಗ ಸಬ್ಸಿಡಿ ಕೇಳಲಿ.

ನಾನು, 11:43
ಕಾನೂನಿನಲ್ಲಿ ಅದಕ್ಕೆ ಅವಕಾಶವಿದೆ. ಅರ್ಧ ಮುಂಗಡ, ಅರ್ಧ ಆಮೇಲೆ ಎಂದೂ ಮಾಡಬಹುದು. ಆದರೆ ತಿಂಗಳಿಗೆ 2,400 ಕಟ್ಟುವ ಶಕ್ತಿ ಇದ್ದವರಿಗೆ ಅದು. ಅಲ್ಲದೆ ವರ್ಷದ ಕೊನೆಗೆ ಆದಾಯ 91,000 ಆದರೆ ಆಗಲೂ ಏನೂ ಸಿಗುವುದಿಲ್ಲ. ನಾವು ತಿದ್ದಬೇಕಾದದ್ದು ಆದಾಯವನ್ನೇ, ಅದೂ ನ್ಯಾಯವಾಗಿ.
ಅಣ್ಣ, ಷೇರನ್ನು ಏಪ್ರಿಲ್‌ವರೆಗೆ ಇಟ್ಟುಕೊಳ್ಳಬೇಡ. ಈ ತಿಂಗಳೇ ಮಾರು. ಲಾಭ 2025ರ ಆದಾಯಕ್ಕೆ ಸೇರುತ್ತದೆ. ಈ ವರ್ಷ ನಿನಗೆ ಕಂಪನಿಯ ವಿಮೆ ಇತ್ತು, ಸಬ್ಸಿಡಿಯ ಪ್ರಶ್ನೆಯೇ ಇಲ್ಲ. ಲಾಭಕ್ಕೆ ಕಟ್ಟುವ ತೆರಿಗೆ ಕಟ್ಟಿದರೆ ಮುಗಿಯಿತು.

ಭಾವ, 11:47
ಏಪ್ರಿಲ್‌ವರೆಗೆ ಷೇರು ಇನ್ನೂ ಏರಿದರೆ?

ನಾನು, 11:49
ಇಳಿದರೆ? ಮದುವೆಗೆ ಬೇಕಾದ ಹಣ ಅದು, ಕಾಯಬೇಕಾದ ಹಣವಲ್ಲ. ಇನ್ನು ಇಲ್ಲಿ ಏರಬೇಕಾದದ್ದು ಒಂದು ವರ್ಷದ ಸಬ್ಸಿಡಿಯನ್ನು ಮೀರಿ, 20,000 ಡಾಲರ್‌ಗೂ ಹೆಚ್ಚು. 9,000 ಲಾಭದ ಷೇರು ನಾಲ್ಕು ತಿಂಗಳಲ್ಲಿ ಅಷ್ಟು ಏರುತ್ತದೆಯೇ?

ಭಾವ, 11:58
ಇಲ್ಲ. ಅದು ಸರಿ.

ನಾನು, 12:04
ಎರಡನೆಯದು, ನಿವೃತ್ತಿ ಖಾತೆಯಿಂದ 40,000ಕ್ಕೆ ಬದಲು 37,000 ತೆಗೆ. ಉಳಿದ 3,000ಕ್ಕೆ ಉಳಿತಾಯ ಖಾತೆ ಮುಟ್ಟು. ಉಳಿತಾಯದಿಂದ ತೆಗೆದದ್ದು ಆದಾಯವಲ್ಲ. ಆಗ ಮೊತ್ತ 79,000. ಗೆರೆಗೆ 5,600 ಅಂತರ ಸಿಗುತ್ತದೆ, ಉಸಿರಾಡಬಹುದು.
ಅದನ್ನೂ ಮೀರುವಂತೆ ಕಂಡರೆ ಅತ್ತಿಗೆಯ ಸಂಬಳವಿದೆಯಲ್ಲ, ಅದರ ಮೇಲೆ ಸಾಂಪ್ರದಾಯಿಕ ಐಆರ್‌ಎ ಎಂಬ ವೈಯಕ್ತಿಕ ನಿವೃತ್ತಿ ಉಳಿತಾಯ ಖಾತೆಗೆ 8,600ರವರೆಗೆ ಹಾಕಬಹುದು. 50 ದಾಟಿದವರಿಗೆ 2026ರ ಮಿತಿ ಅದು. ಗ್ರಂಥಾಲಯದಲ್ಲಿ ಅತ್ತಿಗೆಗೆ ನಿವೃತ್ತಿ ಯೋಜನೆ ಇಲ್ಲ, ಹಾಗಾಗಿ ಹಾಕಿದ್ದೆಲ್ಲ ಆದಾಯದಿಂದ ಕಳೆಯುತ್ತದೆ. ಅದಕ್ಕೆ 2027ರ ಏಪ್ರಿಲ್ 15ರವರೆಗೆ ಕಾಲವಿದೆ. ವರ್ಷ ಮುಗಿದು ಎಲ್ಲ ಅಂಕಿ ಕೈಗೆ ಬಂದ ಮೇಲೂ ಉಳಿಯುವ ದಾರಿ ಇದು. ಇದನ್ನು ಮೊದಲೇ ಬಳಸಿಬಿಡಬೇಡಿ, ಕೊನೆಗೆ ಇಟ್ಟುಕೊಳ್ಳಿ.

ಅತ್ತಿಗೆ, 12:09
ಗ್ರಂಥಾಲಯದವರು ನನಗೆ ವಿಮೆಯನ್ನೂ ಕೊಡುವುದಿಲ್ಲ.

ನಾನು, 12:10
ಈ ಮಟ್ಟಿಗೆ ಅದೇ ಒಳ್ಳೆಯದಾಯಿತು. ಕೈಗೆಟಕುವ ವಿಮೆಯನ್ನು ಅವರು ಕೊಡುತ್ತಿದ್ದರೆ ಸಬ್ಸಿಡಿಗೆ ಅಡ್ಡಿಯಾಗುತ್ತಿತ್ತು.

ಅಣ್ಣ, 12:22
79,000ಕ್ಕೆ ಎಷ್ಟು ಸಿಗುತ್ತದೆ?

ನಾನು, 12:30
ಕೈಯಲ್ಲೇ ಲೆಕ್ಕ ಹಾಕಬಹುದು, ಕ್ಯಾಲ್ಕುಲೇಟರ್ ಬೇಡ. ನಿಮ್ಮ ಪ್ರದೇಶದ ಸಿಲ್ವರ್ ಎಂಬ ಮಧ್ಯಮ ದರ್ಜೆಯ ವಿಮಾ ಯೋಜನೆಗಳಲ್ಲಿ ಎರಡನೆಯ ಅಗ್ಗದ್ದನ್ನು ಮಾನದಂಡವಾಗಿ ಹಿಡಿಯುತ್ತಾರೆ. ನಿಮ್ಮಿಬ್ಬರ ವಯಸ್ಸಿಗೆ ಅದು ತಿಂಗಳಿಗೆ 2,400, ವರ್ಷಕ್ಕೆ 28,800. ನಿಮ್ಮ ಪಾಲು 79,000ದ 9.96 ಶೇಕಡಾ, ಎಂದರೆ 7,868. ಉಳಿದ 20,932 ಸಬ್ಸಿಡಿ. ತಿಂಗಳಿಗೆ 1,744. ನೀವು ಕಟ್ಟುವುದು 656.
ಇದೇ 1,744ನ್ನು ಅಗ್ಗದ ಬ್ರಾಂಜ್ ಯೋಜನೆಗೂ ಹಚ್ಚಬಹುದು, ಆಗ ಪ್ರೀಮಿಯಂ ಇನ್ನೂ ಇಳಿಯುತ್ತದೆ. ಆದರೆ ಅತ್ತಿಗೆಗೆ ಸಕ್ಕರೆ ಕಾಯಿಲೆಯಿದೆ, ಔಷಧಿ ನಿಲ್ಲುವ ಹಾಗಿಲ್ಲ. ವಿಮೆ ಖರ್ಚು ಭರಿಸಲು ಶುರುಮಾಡುವ ಮೊದಲು ಚಿಕಿತ್ಸೆಗೆ ನಾವೇ ಕೈಯಿಂದ ಕಟ್ಟಬೇಕಾದ ಮೊತ್ತ ಬ್ರಾಂಜ್‌ನಲ್ಲಿ ದೊಡ್ಡದು. ಎರಡರಲ್ಲೂ ಆ ಔಷಧಿಯ ಹೆಸರು ಹಾಕಿ ಹೋಲಿಸಿ ನೋಡಿ.

ಅತ್ತಿಗೆ, 12:37
458ಕ್ಕೆ ಹೋಲಿಸಿದರೆ 198 ಹೆಚ್ಚು. ಅದು ಸಾಗುತ್ತದೆ. 23,000 ಸಾಲ ತಲೆಯ ಮೇಲಿಟ್ಟುಕೊಂಡು ನಾನು ಮದುವೆ ಮಾಡಲಾರೆ.

ಭಾವ, 12:41
ಆ ಚಿತ್ರವನ್ನು ಅಳಿಸಿದ್ದೇನೆ. ಇದನ್ನೇ ಇನ್ನೂ ಎರಡು ಗುಂಪುಗಳಿಗೆ ಕಳುಹಿಸಿದ್ದೆ. ಅಲ್ಲಿಯೂ ಹೇಳುತ್ತೇನೆ. ಅವರಲ್ಲಿ ಒಬ್ಬರಿಗೆ ಬೆಂಗಳೂರಿನಲ್ಲಿ ಎರಡು ಮನೆಗಳ ಬಾಡಿಗೆ ಬರುತ್ತದೆ.

ನಾನು, 12:43
ಮೊದಲು ಅವರಿಗೇ ಹೇಳಿ ಭಾವ. 15ಕ್ಕೆ ಇನ್ನು ಎಂಟು ದಿನ ಮಾತ್ರ.

ಅಣ್ಣ, 3:18
ಬ್ಯಾಂಕಿನ ಬಡ್ಡಿ ಪ್ರಮಾಣಪತ್ರ ತೆಗೆದೆ. ಅದು ಏಪ್ರಿಲ್‌ನಿಂದ ಮಾರ್ಚ್‌ವರೆಗಿನದು. ಇಲ್ಲಿಗೆ ಜನವರಿಯಿಂದ ಡಿಸೆಂಬರ್ ಬೇಕು. ಹಾಗಾಗಿ ಮೂರು ತಿಂಗಳಿಗೊಮ್ಮೆ ಖಾತೆಗೆ ಬಿದ್ದ ಬಡ್ಡಿಯನ್ನು ಪಾಸ್‌ಬುಕ್ ನೋಡಿ ಒಂದೊಂದಾಗಿ ಬರೆದುಕೊಂಡೆ. 6,500 ಸರಿಯಾಗಿಯೇ ಇದೆ. ಷೇರು ಮಾರಲು ನಾಳೆ ಬೆಳಿಗ್ಗೆಗೆ ಆದೇಶ ಕೊಟ್ಟಿದ್ದೇನೆ.

ನಾನು, 3:22
ವರ್ಷದ ಮಧ್ಯೆ ಏನೇ ಬದಲಾದರೂ 30 ದಿನದೊಳಗೆ ಮಾರ್ಕೆಟ್‌ಪ್ಲೇಸ್‌ಗೆ ತಿಳಿಸು. ನಾವು ತಪ್ಪಿದ್ದು ಅಲ್ಲಿಯೇ.

ಅತ್ತಿಗೆ, 4:05
ಹಂಚಿದ ಚಿತ್ರ: ಅರ್ಜಿ. ಕುಟುಂಬ: 2 ಮಂದಿ. ಆದಾಯ: 79,000.
ಇವರು ಸಹಿ ಮಾಡುವ ಮುನ್ನ ಒಮ್ಮೆ ನೋಡು.

ನಾನು, 4:11
ನೋಡಿದೆ ಅತ್ತಿಗೆ. ಸರಿಯಾಗಿದೆ.