ಅಲ್ಲೆಗ್ರಿ ಬರೆಯದ ಆ ಎತ್ತರದ ಸ್ವರ (ಅಡ್ಡಹೆಸರಿನ ನಾಲ್ವರ ಮಾತುಕತೆ)

ಹಸ್ತಪ್ರತಿ: ಇಟಲಿಯ ಸಂಗೀತ ರಚನಕಾರ ಗ್ರೆಗೋರಿಯೊ ಅಲ್ಲೆಗ್ರಿ 1630ರ ದಶಕದಲ್ಲಿ ರೋಮ್‌ನ ಸಿಸ್ಟೀನ್ ಚಾಪೆಲ್‌ಗಾಗಿ ರಚಿಸಿದ ‘ಮಿಸೆರೆರೆ’ ಎಂಬ ಲ್ಯಾಟಿನ್ ಪ್ರಾರ್ಥನಾಗೀತೆಯನ್ನು ಕೇಳಿದವರು ಮೊದಲು ನೆನೆಯುವುದು ಬಾಲಕನೊಬ್ಬನ ಕಂಠ ಮೇಲಿನ ‘ಸಿ’ ಎಂಬ ಪಾಶ್ಚಾತ್ಯ ಸ್ವರವನ್ನು ಮುಟ್ಟುವ ಕ್ಷಣವನ್ನು. ಆ ಸ್ವರ ಅಲ್ಲೆಗ್ರಿಯದಲ್ಲ. 1831ರಲ್ಲಿ ಜರ್ಮನ್ ಸಂಗೀತ ರಚನಕಾರ ಮೆಂಡೆಲ್ಸನ್ ರೋಮ್‌ನಲ್ಲಿ ಕೇಳಿ ಬರೆದುಕೊಂಡದ್ದು, ನಮ್ಮ ಲೆಕ್ಕದಲ್ಲಿ ಷಡ್ಜದಿಂದ ಶುದ್ಧ ಮಧ್ಯಮಕ್ಕೆ ಇರುವಷ್ಟು ಮೇಲಿನ ಶ್ರುತಿಯಲ್ಲಿತ್ತು. 1880ರಲ್ಲಿ ಗ್ರೋವ್ ಸಂಗೀತಕೋಶಕ್ಕೆ ಲೇಖನ ಬರೆದ ರಾಕ್‌ಸ್ಟ್ರೋ ಅಂಥ ತುಣುಕನ್ನು ಹಳೆಯ ಶ್ರುತಿಯ ಸಾಲಿಗೆ ಹಾಗೆಯೇ ಹೊಲಿದುಬಿಟ್ಟರು. ಹೊಲಿಗೆ ಇಂದಿಗೂ ಎದ್ದು ಕಾಣುತ್ತದೆ: ಚರಣದ ನಡುವೆ ಕೆಳಗಿನ ಧ್ವನಿ ಎಫ್ ಶಾರ್ಪ್‌ನಿಂದ ಥಟ್ಟನೆ ‘ಸಿ’ ಸ್ವರಕ್ಕೆ ಹಾರುತ್ತದೆ. ಇದು ತಿಳಿದ ಮೇಲೂ ಅದನ್ನೇ ಅಲ್ಲೆಗ್ರಿಯ ಹೆಸರಿನಲ್ಲಿ ಹಾಡುವುದು ನನಗೆ ಒಪ್ಪಿಗೆಯಿಲ್ಲ.

ತಾರಸ್ಥಾಯಿ: ಹಾಗಾದರೆ ಅಲ್ಲೆಗ್ರಿಯದು ಎನ್ನುವುದಕ್ಕೆ ಉಳಿಯುವುದಾದರೂ ಏನು? ಕಾಗದದ ಮೇಲಿರುವುದು ಐದು ಧ್ವನಿಗಳ ಒಂದು ಮೇಳ, ನಾಲ್ಕು ಧ್ವನಿಗಳ ಇನ್ನೊಂದು, ಕೊನೆಗೆ ಒಂಬತ್ತೂ ಸೇರುವ ಸರಳ ಸ್ವರಮೇಳ, ಅಷ್ಟೇ. ಚಕ್ರವರ್ತಿ ಮೊದಲನೆಯ ಲಿಯೋಪೋಲ್ಡ್ ಪ್ರತಿ ತರಿಸಿ ವಿಯೆನ್ನಾದಲ್ಲಿ ಹಾಡಿಸಿದಾಗ ಅದು ತೀರ ಸಪ್ಪೆಯಾಗಿ ಕೇಳಿಸಿ, ಬೇರೆ ಯಾವುದೋ ಕೃತಿಯನ್ನು ಕಳಿಸಿ ಮೋಸ ಮಾಡಿದ್ದಾರೆಂದು ದೂರಿದನೆಂಬ ಕಥೆಯನ್ನು ಹದಿನೆಂಟನೆಯ ಶತಮಾನದ ಇಂಗ್ಲಿಷ್ ಸಂಗೀತ ಇತಿಹಾಸಕಾರ ಬರ್ನಿ ಹೇಳುತ್ತಾರೆ. ಕೃತಿಯ ಜೀವವಿದ್ದದ್ದು ಚಾಪೆಲ್‌ನ ಗಾಯಕರು ಬಾಯಿಂದ ಬಾಯಿಗೆ ಉಳಿಸಿಕೊಂಡು ಬಂದ ಅಲಂಕಾರಗಳಲ್ಲಿ. ಸ್ವರಲಿಪಿಯನ್ನಷ್ಟೇ ನೋಡಿ ಕೀರ್ತನೆ ಹಾಡಿದರೆ ಏನಾಗುತ್ತದೆಂಬುದು ನಮಗೆ ಗೊತ್ತಿಲ್ಲದ್ದೇನಲ್ಲ.

ಹೊಸಬ: ನಡುವೆ ಬಾಯಿ ಹಾಕಿದ್ದಕ್ಕೆ ಕ್ಷಮಿಸಿ. ಪ್ರತಿ ಹೊರಗೆ ಒಯ್ದವರಿಗೆ ಧರ್ಮಬಹಿಷ್ಕಾರವೆಂದೂ, ಹದಿನಾಲ್ಕರ ಮೊಜಾರ್ಟ್ ಅದನ್ನು ಕಿವಿಯಿಂದಲೇ ಕದ್ದನೆಂದೂ ಓದಿದ್ದೆ. ವಿಯೆನ್ನಾಕ್ಕೆ ಪ್ರತಿ ಹೋಗಿತ್ತೆಂದ ಮೇಲೆ ಆ ಕಥೆ ನಿಲ್ಲುವುದೇ?

ಮಂದ್ರ: ಅರ್ಧ ನಿಲ್ಲುತ್ತದೆ. ಬಹಿಷ್ಕಾರದ ಮಾತು 1770ರ ಏಪ್ರಿಲ್ 14ರಂದು ಮೊಜಾರ್ಟನ ತಂದೆ ಮನೆಗೆ ಬರೆದ ಪತ್ರದಲ್ಲೇ ಇದೆ, ಮಗ ಅದನ್ನು ಬರೆದಿಟ್ಟುಕೊಂಡನೆಂಬ ಹೆಮ್ಮೆಯೂ ಇದೆ. ಆದರೆ ಪೋರ್ಚುಗಲ್‌ನ ದೊರೆಗೂ ಬೊಲೋನ್ಯದ ಪಾದ್ರಿ ಮಾರ್ತೀನಿಗೂ ಪ್ರತಿಗಳು ದೊರೆತಿದ್ದವು, ಮರುವರ್ಷವೇ ಬರ್ನಿ ಅದನ್ನು ಲಂಡನ್‌ನಲ್ಲಿ ಅಚ್ಚು ಹಾಕಿಸಿದರು, ಯಾರಿಗೂ ಏನೂ ಆಗಲಿಲ್ಲ. ಇನ್ನು ಮೂಲ ಚರ್ಚೆಗೆ ಬಂದರೆ, ತಾರಸ್ಥಾಯಿಯವರ ವಾದದಲ್ಲಿ ಒಂದು ಬಿರುಕಿದೆ. ಗಾಯಕರ ಅಲಂಕಾರ ಪರಂಪರೆಯಿಂದ ಬಂದದ್ದು. ಮೇಲಿನ ‘ಸಿ’ ಮುದ್ರಿತ ಪುಟದ ಜೋಡಣೆಯಿಂದ ಬಂದದ್ದು. ಸಿಸ್ಟೀನ್‌ನಲ್ಲಿ ಯಾರೂ ಅದನ್ನು ಆ ಜಾಗದಲ್ಲಿ ಹಾಗೆ ಹಾಡಿರಲಿಲ್ಲ. ಎರಡನ್ನೂ ಒಂದೇ ತಕ್ಕಡಿಗೆ ಹಾಕಲಾಗದು.

ತಾರಸ್ಥಾಯಿ: ಆ ವ್ಯತ್ಯಾಸವನ್ನು ಒಪ್ಪುತ್ತೇನೆ. ಆದರೂ 1963ರಲ್ಲಿ ಕೇಂಬ್ರಿಜ್‌ನ ಕಿಂಗ್ಸ್ ಕಾಲೇಜಿನ ಗಾಯನವೃಂದ ಇಂಗ್ಲಿಷ್ ಪಠ್ಯದಲ್ಲಿ ಹಾಡಿ ಧ್ವನಿಮುದ್ರಿಸಿದ ಮೇಲೆ ಈ ರೂಪವೂ ಒಂದು ಪರಂಪರೆಯೇ ಆಗಿದೆ. ಅದನ್ನು ನಿಲ್ಲಿಸಿ ಎನ್ನಲು ನನಗೆ ಮನಸ್ಸು ಬಾರದು.

ಹಸ್ತಪ್ರತಿ: ನಿಲ್ಲಿಸಿ ಎನ್ನುತ್ತಿಲ್ಲ, ಕಾರ್ಯಕ್ರಮದ ಹಾಳೆಯಲ್ಲಿ ರಾಕ್‌ಸ್ಟ್ರೋ ಹೆಸರನ್ನೂ ಹಾಕಿ ಎನ್ನುತ್ತಿದ್ದೇನೆ. ಚಾಪೆಲ್‌ನ ಅಲಂಕಾರಗಳನ್ನೇ ಹಾಡಬೇಕೆಂದರೆ ರೋಮ್‌ನ ಪಾದ್ರಿ ಅಲ್ಫಿಯೇರಿ 1840ರಲ್ಲಿ ಅವುಗಳನ್ನು ಬರೆದು ಪ್ರಕಟಿಸಿದ್ದಾರೆ. ಅದನ್ನು ಎತ್ತಿಕೊಳ್ಳುವ ಗಾಯನವೃಂದಗಳು ಮಾತ್ರ ಬೆರಳೆಣಿಕೆಯಷ್ಟು.